ಪರದೆಯ ಹಿಂದೆ ನಲವತ್ತಾರು ಸಂಜೆ

ಬೆಳಗ್ಗೆ ಆರು ಗಂಟೆಗೆ ಇನ್ನೂ ಹತ್ತು ನಿಮಿಷ ಇದೆ. ಕಾಪುವಿನ ಕಡಲ ತೀರದಲ್ಲಿ ಎರಡು ದೋಣಿಗಳು ಈಗಷ್ಟೇ ಮರಳಿಗೆ ತಾಗಿವೆ. ಬಲೆಯಿಂದ ಬಿಡಿಸಿದ ಬಂಗುಡೆಯ ರಾಶಿಯ ಸುತ್ತ ಹತ್ತು ಹದಿನೈದು ಹೆಂಗಸರು ಬುಟ್ಟಿ ಇಟ್ಟುಕೊಂಡು ಕುಕ್ಕರಗಾಲಿನಲ್ಲಿ ಕುಳಿತಿದ್ದಾರೆ. ಎಲ್ಲರೂ ಒಟ್ಟಿಗೇ ಮಾತಾಡುತ್ತಿದ್ದಾರೆ, ಯಾರೂ ಯಾರ ಮಾತು ಮುಗಿಯಲಿ ಎಂದು ಕಾಯುತ್ತಿಲ್ಲ. ಆ ಗುಂಪಿನಲ್ಲಿ ಒಬ್ಬರು ಮಾತ್ರ ಸುಮ್ಮನಿದ್ದಾರೆ. ಬೂದು ಬಣ್ಣದ ನೂಲಿನ ಸೀರೆ, ಮಡಿಲಲ್ಲಿ ಕಪ್ಪು ಚರ್ಮದ ಚೀಲ, ಪಕ್ಕದಲ್ಲಿ ಕೊಡೆ. ಕವುಚಿ ಹಾಕಿದ ಬುಟ್ಟಿಯ ಮೇಲೆ ಕುಳಿತು ಕಣ್ಣನ್ನು ಸಮುದ್ರದ ಕಡೆ, ಕಿವಿಯನ್ನು ಹೆಂಗಸರ ಕಡೆ ಇಟ್ಟಿದ್ದಾರೆ. ಮೀನು ಕೊಳ್ಳುವ ಅವಸರ ಅವರಿಗೆ ಇದ್ದಂತಿಲ್ಲ.

ಚೀಲದಲ್ಲಿ ನೋಟ್‌ಬುಕ್ ಇದೆ, ಆದರೆ ಅದು ಹೊರಗೆ ಬರುವುದಿಲ್ಲ. "ಬರೆಯಲಿಕ್ಕೆ ಶುರು ಮಾಡಿದರೆ ಇವರ ಮಾತು ನಿಲ್ಲುತ್ತದೆ. ಕೇಳಬೇಕು, ಮಂಡೆಯಲ್ಲಿ ಇಟ್ಟುಕೊಳ್ಳಬೇಕು, ಬಸ್ಸಿನಲ್ಲಿ ಕೂತು ಬರೆಯಬೇಕು" ಎನ್ನುತ್ತಾರೆ. ಏಳೂ ಹತ್ತರ ಬಸ್ಸು ಉಡುಪಿ ಮುಟ್ಟುವಷ್ಟರಲ್ಲಿ ಎರಡು ಪುಟ ತುಂಬುತ್ತದೆ. ಎಂಟಕ್ಕೆ ಅವರು ಉಡುಪಿಯ ದೂರವಾಣಿ ಕೇಂದ್ರದಲ್ಲಿ ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡು ಬೋರ್ಡಿನ ಮುಂದೆ ಕುಳಿತಿರುತ್ತಾರೆ.

ಇವರು ಬೆನೆಡಿಕ್ಟಾ ಮಥಾಯಸ್. ವಯಸ್ಸು ನಲವತ್ತೊಂದು. ಇಪ್ಪತ್ತೊಂದು ವರ್ಷಗಳಿಂದ ಟೆಲಿಫೋನ್ ಆಪರೇಟರ್. ಬೊಂಬಾಯಿಗೆ ಟ್ರಂಕ್ ಕಾಲ್ ಬುಕ್ ಮಾಡಿ ಗಂಟೆಗಟ್ಟಲೆ ಕಾದವರಿಗೆ ಈ ಸ್ವರದ ಪರಿಚಯ ಇದ್ದೀತು. ಆದರೆ ಇವರು ಆರು ಸಿನಿಮಾಗಳಲ್ಲಿ ನಟಿಸಿದವರು, ಒಂದು ತುಳು ಚಿತ್ರವನ್ನು ತಾವೇ ಬರೆದು ನಿರ್ದೇಶಿಸಿದವರು ಎಂಬುದು ಪಕ್ಕದ ಬೋರ್ಡಿನಲ್ಲಿ ಕೂರುವವರಿಗೂ ಬಹಳ ಕಾಲ ಗೊತ್ತಿರಲಿಲ್ಲ. ಆ ಚಿತ್ರಕ್ಕೆ ಐದು ವರ್ಷಕ್ಕೂ ಹೆಚ್ಚು ಕಾಲ ಸ್ವರವೇ ಇರಲಿಲ್ಲ. ಆದರೂ ಅದು ಊರೂರು ತಿರುಗಿತು. ಹೇಗೆ ಎಂದು ಕೇಳಲು ನಾನು ಅವರ ಹಿಂದೆ ನಾಲ್ಕು ದಿನ ಬಸ್ಸು ಹತ್ತಿ ಇಳಿದಿದ್ದೇನೆ.

ಬೆನೆಡಿಕ್ಟಾ ಕಾರ್ಕಳದವರು. ತಂದೆ ಇಮ್ಯಾನುಯೆಲ್ ಪೇಟೆಯಲ್ಲಿ ಟೈಲರ್, ತಾಯಿ ರೋಸಿ. ಮನೆಮಾತು ಕೊಂಕಣಿ, ಅಂಗಳ ದಾಟಿದರೆ ತುಳು, ಶಾಲೆಗೆ ಹೋದರೆ ಕನ್ನಡ. ಇಗರ್ಜಿಯ ಹಬ್ಬದ ದಿನ ಸಭಾಂಗಣದಲ್ಲಿ ಆಡುತ್ತಿದ್ದ ಕೊಂಕಣಿ ನಾಟಕಗಳಲ್ಲಿ ಹತ್ತನೆಯ ವಯಸ್ಸಿನಿಂದ ಪಾತ್ರ ಮಾಡಿದ್ದಾರೆ. ಅದಕ್ಕೆ ತಂದೆಯ ವಿರೋಧ ಇರಲಿಲ್ಲ, ವೇಷದ ಬಟ್ಟೆಯನ್ನು ಹೊಲಿದು ಕೊಡುತ್ತಿದ್ದವರೂ ಅವರೇ. ೧೯೬೭ರಲ್ಲಿ ಕೆಲಸ ಸಿಕ್ಕಿ ಉಡುಪಿಗೆ ಬಂದ ಮೇಲೆ ಅಂಬಲಪಾಡಿಯಲ್ಲಿ ಬಾಡಿಗೆಯ ಕೋಣೆ ಹಿಡಿದರು. ಇಂದಿಗೂ ಅದೇ ಕೋಣೆ.

ಕೆಲಸದ ಬಗ್ಗೆ ಕೇಳಿದರೆ ಅವರ ಮುಖ ಅರಳುತ್ತದೆ. "ಒಂದು ಕಾಲ್‌ಗೆ ಸಿಗುವ ಮೂರು ನಿಮಿಷ ಎಂದರೆ ಎಷ್ಟು ದೊಡ್ಡದು ಗೊತ್ತುಂಟಾ ನಿಮಗೆ? ಮಗನಿಗೆ ಕಾಲ್ ಹಾಕಿದವರು ಎರಡೂವರೆ ನಿಮಿಷ ಮಳೆ, ಗೇರುಬೀಜ, ನೆಂಟರ ಮದುವೆ ಅಂತ ಹೇಳುತ್ತಾರೆ. ಕೊನೆಯ ಅರ್ಧ ನಿಮಿಷದಲ್ಲಿ ವಿಷಯ ಬರುತ್ತದೆ. ಲೈನ್ ಸರಿ ಉಂಟಾ ಅಂತ ನೋಡಲಿಕ್ಕೆ ನಾವು ಮಧ್ಯದಲ್ಲಿ ಒಳಗೆ ಹೋಗಿ ಬರಬೇಕಾಗುತ್ತದೆ. ಯಾರ ಗುಟ್ಟನ್ನೂ ನಾನು ಕತೆಯಲ್ಲಿ ಹಾಕಿಲ್ಲ. ಆದರೆ ಮನುಷ್ಯರು ಮುಖ್ಯವಾದ ಮಾತನ್ನು ಹೇಗೆ ತಪ್ಪಿಸಿಕೊಂಡು ತಿರುಗುತ್ತಾರೆ ಅಂತ ಕಲಿತದ್ದು ಅಲ್ಲಿಯೇ."

ಸಿನಿಮಾ ಅವರ ಬಾಗಿಲಿಗೆ ಬಂದದ್ದು ೧೯೭೩ರಲ್ಲಿ. ಆಗ ತುಳು ಚಿತ್ರಗಳು ಆಗತಾನೇ ಕಣ್ಣು ಬಿಡುತ್ತಿದ್ದ ಕಾಲ. ಊರಿನ ಭಾಷೆಯನ್ನು ಬೆಳ್ಳಿತೆರೆಯಲ್ಲಿ ಕೇಳುತ್ತೇವೆ ಎಂಬ ಸಂಭ್ರಮ ಒಂದು ಕಡೆ, ಊರಿನ ಹೆಣ್ಣುಮಕ್ಕಳು ಮಾತ್ರ ತೆರೆಯ ಮೇಲೆ ಬರಬಾರದು ಎಂಬ ಕಟ್ಟುನಿಟ್ಟು ಇನ್ನೊಂದು ಕಡೆ. ಕಾಪುವಿನ ದೀಪಸ್ತಂಭದ ಹತ್ತಿರ ಶೂಟಿಂಗ್ ಮಾಡಲು ಬಂದ ಒಂದು ತಂಡಕ್ಕೆ ಮೀನು ಮಾರುವವಳ ಪಾತ್ರಕ್ಕೆ ಯಾರೂ ಸಿಗಲಿಲ್ಲ. ಕಾರ್ಕಳದ ನಾಟಕ ನೋಡಿದ್ದ ಯಾರೋ ಬೆನೆಡಿಕ್ಟಾರ ಹೆಸರು ಹೇಳಿದರು. ಅವರು ನಾಲ್ಕು ದಿನ ರಜೆ ಹಾಕಿ, ನಾಲ್ಕು ದೃಶ್ಯಗಳಲ್ಲಿ ನಟಿಸಿದರು.

ಅಪ್ಪನಿಗೆ ಹೇಳಿದ್ದು ಎಲ್ಲ ಮುಗಿದ ಮೇಲೆ. ಆ ದಿನದಿಂದ ಹದಿನಾಲ್ಕು ತಿಂಗಳು ಇಮ್ಯಾನುಯೆಲ್ ಮಗಳೊಂದಿಗೆ ಮಾತಾಡಲಿಲ್ಲ. "ಭಾನುವಾರ ಮನೆಗೆ ಹೋದರೆ 'ಊಟಕ್ಕೆ ಬರಲಿಕ್ಕೆ ಹೇಳು ಅವಳಿಗೆ' ಅಂತ ಅಮ್ಮನ ಹತ್ತಿರ ಹೇಳುವುದು. ನಾನು ಎರಡು ಅಡಿ ಆಚೆ ನಿಂತಿರುತ್ತಿದ್ದೆ."

ಚಿತ್ರ ಬಿಡುಗಡೆಯಾದಾಗ ರೋಸಿಬಾಯಿ ಮಣಿಪಾಲದ ಕಣ್ಣಿನ ಡಾಕ್ಟರರಿಗೆ ತೋರಿಸಬೇಕು ಎಂದು ಗಂಡನಿಗೆ ಹೇಳಿ ಬಸ್ಸು ಹತ್ತಿದರು. ಉಡುಪಿಯ ಟಾಕೀಸಿನಲ್ಲಿ ತಾಯಿ ಮಗಳು ಮ್ಯಾಟಿನಿಗೆ ಹೋದರು. ಹೊರಗೆ ಬಣ್ಣದ ಪೋಸ್ಟರು, ಜೀಪಿನಲ್ಲಿ ಮೈಕು ಕಟ್ಟಿಕೊಂಡು ಹ್ಯಾಂಡ್‌ಬಿಲ್ ಎರಚುವ ಗದ್ದಲ, ಒಳಗೆ ಬೀಡಿಯ ಹೊಗೆ, ಕಡಲೆ ಸಿಪ್ಪೆ. ಮಗಳು ತೆರೆಯ ಮೇಲೆ ಬಂದಳು, ಬುಟ್ಟಿ ಇಳಿಸಿದಳು, ಬಾಯಿ ತೆರೆದಳು. ಬಂದದ್ದು ಯಾರದ್ದೋ ಸ್ವರ. ರೋಸಿಬಾಯಿ ಮಗಳ ಮೊಣಕೈ ಹಿಡಿದು, "ಬೆನ್ನಾ, ಇದು ಯಾರು ಮಾತಾಡುವುದು?" ಎಂದು ಕೇಳಿದರು. ಹಿಂದಿನ ಸಾಲಿನವರು ನಕ್ಕರು.

"ನನ್ನ ಸ್ವರ ದಪ್ಪ ಅಂತೆ. ಮದ್ರಾಸಿನಲ್ಲಿ ಬೇರೆ ಹುಡುಗಿಯಿಂದ ಹೇಳಿಸಿದ್ದರು. ನನಗೆ ಒಂದು ಮಾತು ತಿಳಿಸಲೂ ಇಲ್ಲ. ಇಡೀ ಉಡುಪಿಗೆ ದಿನವಿಡೀ ನಂಬರ್ ಕೊಡುವ ಸ್ವರ ಸಿನಿಮಾಕ್ಕೆ ಆಗಲಿಲ್ಲ" ಎಂದು ಅವರು ಈಗ ನಗುತ್ತಾರೆ. ಆ ದಿನ ನಕ್ಕಿರಲಿಲ್ಲ. ಬಸ್ಸು ಹತ್ತುವಾಗ ರೋಸಿಬಾಯಿ, "ನಡೆಯುವುದು ಮಾತ್ರ ನಿನ್ನ ಹಾಗೆಯೇ ಇತ್ತು" ಎಂದು ಸಮಾಧಾನ ಹೇಳಿದರು.

೧೯೭೯ರವರೆಗೆ ಇನ್ನೂ ಐದು ಚಿತ್ರಗಳು ಬಂದವು. ನರ್ಸು, ನೆರೆಮನೆಯ ಹೆಂಗಸು, ವಿಧವೆ, ಕನ್ಯಾಸ್ತ್ರೀ, ಮತ್ತೊಮ್ಮೆ ಮೀನು ಮಾರುವವಳು. ಒಂದರಲ್ಲೂ ಅವರ ಸ್ವರ ಇಲ್ಲ.

ಬರವಣಿಗೆ ಶುರುವಾದದ್ದು ಜಗಳದಿಂದ. ೧೯೭೮ರಲ್ಲಿ ಮಣಿಪಾಲದ ಒಂದು ದೊಡ್ಡ ಮನೆಯಲ್ಲಿ ಕನ್ನಡ ಚಿತ್ರದ ಶೂಟಿಂಗ್. ಮೀನಿನವಳು ಬಾಗಿಲಿಗೆ ಬಂದು, "ಅಮ್ಮಾ, ಇಂದು ತಮಗೆ ಮೀನು ಬೇಕಾಗಿದೆಯೇ?" ಎಂದು ಕೇಳಬೇಕು. ಅಲ್ಲಿ ಮೀನಿನವಳ ಪಾತ್ರ ಇವರದ್ದಲ್ಲ, ಇವರು ಪಕ್ಕದಲ್ಲಿ ನಿಲ್ಲುವ ನರ್ಸು. ಆದರೂ ತಡೆಯಲಾಗಲಿಲ್ಲ. "ಸರ್, ಹೀಗೆ ಕೇಳಿದರೆ ಯಾರೂ ಮೀನು ತೆಗೆದುಕೊಳ್ಳುವುದಿಲ್ಲ" ಎಂದುಬಿಟ್ಟರು.

ನಿರ್ದೇಶಕರಿಗೆ ಸಿಟ್ಟು ಬಂತು. "ಹಾಗಾದರೆ ಹೇಗೆ ಕೇಳಬೇಕು, ನೀವೇ ಹೇಳಿ."

"ಕೇಳುವುದೇ ಇಲ್ಲ ಸರ್. ಬುಟ್ಟಿ ಇಳಿಸಿ, ಸೆರಗಿನಿಂದ ಮುಖ ಒರೆಸಿಕೊಂಡು, 'ಅಳಿಯ ಬಂದಿದ್ದಾನಂತೆ ಅಲ್ವಾ?' ಅನ್ನುತ್ತಾಳೆ. ಆಮೇಲೆ ಆ ಮನೆಯವರು ಮೀನು ಬೇಡ ಅಂತ ಹೇಳುವುದು ಹೇಗೆ?"

ಇಡೀ ಯೂನಿಟ್ಟು ನಕ್ಕಿತು. ನಿರ್ದೇಶಕರೂ ನಕ್ಕರು. ಮಧ್ಯಾಹ್ನದ ಊಟದ ಹೊತ್ತಿಗೆ ಬೆನೆಡಿಕ್ಟಾ ಒಂದು ಹ್ಯಾಂಡ್‌ಬಿಲ್ಲಿನ ಹಿಂಬದಿಯಲ್ಲಿ ಆ ದೃಶ್ಯವನ್ನು ಪೂರ್ತಿ ತಿರುಗಿ ಬರೆದು ಕೊಟ್ಟಿದ್ದರು. ಆ ಸುದ್ದಿ ಹಬ್ಬಿ ಮತ್ತೆರಡು ತುಳು ಚಿತ್ರಗಳಿಗೆ ಸಂಭಾಷಣೆ ಬರೆಯುವ ಕೆಲಸ ಬಂತು. ಒಂದರಲ್ಲಿ ಅವರ ಹೆಸರು ಇರಲಿಲ್ಲ. ಇನ್ನೊಂದರಲ್ಲಿ ಕೃತಜ್ಞತೆಯ ಪಟ್ಟಿಯಲ್ಲಿ ಇತ್ತು, 'ಬೆನಡಿಟ್ಟ' ಎಂದು.

ಮೀನು ಮಾರುವ ಅಪ್ಪಿ ಸಿಕ್ಕಿದ್ದು ಕೊನೆಯ ಚಿತ್ರದ ಶೂಟಿಂಗಿನಲ್ಲಿ, ಇದೇ ಕಾಪುವಿನಲ್ಲಿ. ಬೆನೆಡಿಕ್ಟಾ ಬುಟ್ಟಿ ಹೊತ್ತು ಮರಳಿನ ಮೇಲೆ ನಡೆದು ಬರುವ ಶಾಟ್. ಬುಟ್ಟಿಯೊಳಗೆ ಕಾಗದ ತುಂಬಿಸಿ ಮೇಲೆ ನಾಲ್ಕು ಮೀನು ಇಟ್ಟಿದ್ದರು. ನೋಡಲು ನೆರೆದ ಜನರ ನಡುವಿನಿಂದ ಐವತ್ತರ ಒಬ್ಬ ಹೆಂಗಸು ತುಳುವಿನಲ್ಲಿ ಗಟ್ಟಿಯಾಗಿ ಕೂಗಿದರು: "ಬಾಯಮ್ಮ, ನಿಮ್ಮ ಬುಟ್ಟಿಯ ಮೀನು ಇನ್ನೂ ಹುಟ್ಟಲೇ ಇಲ್ಲ!"

ಶಾಟ್ ಮುಗಿದ ಮೇಲೆ ಬೆನೆಡಿಕ್ಟಾ ಅವರನ್ನು ಹುಡುಕಿಕೊಂಡು ಹೋದರು. ಅಪ್ಪಿ ಉತ್ತರ ಹೇಳುವ ಬದಲು ತಮ್ಮ ತುಂಬಿದ ಬುಟ್ಟಿಯನ್ನು ಎತ್ತಿ ಅವರ ತಲೆಯ ಮೇಲೆ ಇಟ್ಟರು. "ಕುತ್ತಿಗೆಯಲ್ಲಿ ಹೊರಬಾರದು ಬಾಯಮ್ಮ, ಸೊಂಟದಲ್ಲಿ ಹೊರಬೇಕು. ಈಗ ನಡೆಯಿರಿ ನೋಡುವ."

ಮುಂದಿನ ಭಾನುವಾರ ಬೆನೆಡಿಕ್ಟಾ ಅಪ್ಪಿಯ ಜೊತೆ ಅವರ ದಾರಿಯಲ್ಲಿ ಪೂರ್ತಿ ನಡೆದರು. ಹನ್ನೊಂದು ಕಿಲೋಮೀಟರ್, ಮೂವತ್ತನಾಲ್ಕು ಮನೆ. ಪ್ರತಿ ಮನೆಯಿಂದ ಹೊರಡುವಾಗಲೂ ಅಪ್ಪಿ ಹೇಳುವುದು ಒಂದೇ ಮಾತು, 'ಎಲ್ಲೆ ಬರ್ಪೆ', ಅಂದರೆ ನಾಳೆ ಬರುತ್ತೇನೆ. ನಂದಿಕೂರಿನ ಹತ್ತಿರದ ಒಂದು ಮನೆಯಲ್ಲಿ ಮುದುಕಿಯೊಬ್ಬರು ದಿನವೂ ನಾಲ್ಕು ಬೂತಾಯಿ ತೆಗೆದುಕೊಳ್ಳುತ್ತಿದ್ದರು. ಹಲ್ಲಿಲ್ಲದ ಅವರು ಮೀನು ತಿನ್ನುವುದನ್ನು ಬಿಟ್ಟು ವರ್ಷವಾಗಿತ್ತು, ತಿನ್ನುತ್ತಿದ್ದುದು ಬೆಕ್ಕು. ಅವರಿಗೆ ಬೇಕಾಗಿದ್ದುದು ಯಾರ ಮದುವೆ ಆಯಿತು, ಯಾರು ತೀರಿಕೊಂಡರು ಎಂಬ ಸುದ್ದಿ. "ಒಂದು ದಿನ ಅಪ್ಪಿಯಕ್ಕ ಬರದೆ ಇದ್ದರೆ ಈ ಅಜ್ಜಿ ಎಂತ ಮಾಡುತ್ತಾರೆ ಅಂತ ನನಗೆ ಅನಿಸಿತು. ಅಷ್ಟೇ, ಕತೆ ಸಿಕ್ಕಿತು" ಎನ್ನುತ್ತಾರೆ ಬೆನೆಡಿಕ್ಟಾ.

ಇನ್ನೂರು ಪುಟದ ಎರಡು ನೋಟ್‌ಬುಕ್ಕುಗಳಲ್ಲಿ ಕನ್ನಡ ಲಿಪಿ, ತುಳು ಮಾತು. ಬರೆದು ಮುಗಿಸಲು ಒಂದೂವರೆ ವರ್ಷ. ಹೆಸರು 'ಎಲ್ಲೆ ಬರ್ಪೆ'. ಪರಿಚಯದ ಇಬ್ಬರು ನಿರ್ದೇಶಕರಿಗೆ ತೋರಿಸಿದರು. ಒಬ್ಬರು, "ಮುದುಕಿ ಮತ್ತು ಮೀನಿನವಳು ಮಾತಾಡಿದರೆ ಅದು ಸಿನಿಮಾ ಹೇಗೆ ಆಗುತ್ತದೆ?" ಎಂದು ಕೇಳಿದರು. ಇನ್ನೊಬ್ಬರು ಒಪ್ಪಿದರು, ಆದರೆ ಅಪ್ಪಿಯ ಪಾತ್ರಕ್ಕೆ ಮದ್ರಾಸಿನ ನಾಯಕಿ ಬೇಕು ಎಂದರು. "ಆ ದಿನ ಮಣಿಪಾಲದಿಂದ ಉಡುಪಿಗೆ ನಡೆದುಕೊಂಡೇ ಬಂದೆ. ಅರ್ಧದಾರಿಯ ಇಂದ್ರಾಳಿಗೆ ಬರುವಷ್ಟರಲ್ಲಿ ತೀರ್ಮಾನ ಮಾಡಿ ಆಗಿತ್ತು. ನಾನೇ ಮಾಡುವುದು ಅಂತ."

ಮಣಿಪಾಲದಲ್ಲಿ ಫೋಟೋ ಸ್ಟುಡಿಯೋ ಇಟ್ಟಿದ್ದ ಮೌರಿಸ್ ಕೈಜೋಡಿಸಿದರು. ಬೊಂಬಾಯಿಯಲ್ಲಿ ಕೆಲಸ ಮಾಡಿ ಬಂದಿದ್ದ ಅವರ ಬಳಿ ಹದಿನಾರು ಮಿಲಿಮೀಟರಿನ ಹಳೆಯ ಕ್ಯಾಮೆರಾ ಇತ್ತು. ಚಿತ್ರ ಮಾತ್ರ ಹಿಡಿಯುತ್ತಿತ್ತು, ಶಬ್ದ ಇಲ್ಲ. ಮಾತನ್ನು ಆಮೇಲೆ ಸ್ಟುಡಿಯೋದಲ್ಲಿ ಸೇರಿಸುವುದು ಎಂದು ಲೆಕ್ಕ. ಮೀನಿನವಳ ಪಾತ್ರ ಅಪ್ಪಿಯದ್ದು. ಮುದುಕಿಯ ಪಾತ್ರಕ್ಕೆ ಬೆನೆಡಿಕ್ಟಾ ತಮ್ಮ ತಾಯಿಯನ್ನೇ ಕೇಳಿದರು. "ಅಪ್ಪನಿಗೆ ಎಂತ ಹೇಳುವುದು?" ಎಂದು ಒಂದು ವಾರ ಯೋಚಿಸಿದ ರೋಸಿಬಾಯಿ ಕೊನೆಗೆ ಗಂಡನಿಗೆ ಹೇಳಿದ್ದು ಇಷ್ಟೇ: "ಈ ವರ್ಷ ನಾನು ಸ್ವಲ್ಪ ಭಾನುವಾರ ಮನೆಯಲ್ಲಿ ಇರುವುದಿಲ್ಲ."

ಹತ್ತೊಂಬತ್ತು ಭಾನುವಾರಗಳು. ೧೯೮೧ರ ನವೆಂಬರಿನಿಂದ ೧೯೮೨ರ ಮೇ ತಿಂಗಳವರೆಗೆ. ಬೆಳಗ್ಗಿನ ಮೊದಲ ಪೂಜೆ ಮುಗಿಸಿ ಇಗರ್ಜಿಯಿಂದ ನೇರವಾಗಿ ಬಸ್ ನಿಲ್ದಾಣಕ್ಕೆ. ನಿರ್ದೇಶನ ಎಂದರೇನು ಎಂದು ಕಲಿಸಿದವರು ಅಪ್ಪಿ. ಒಮ್ಮೆ ಹೇಳಿದ ಮಾತನ್ನು ಅವರು ಎರಡನೆಯ ಸಲ ಹೇಳುತ್ತಿರಲಿಲ್ಲ. "ಈಗಷ್ಟೇ ಹೇಳಿದೆನಲ್ಲ. ಅಜ್ಜಿಗೆ ಕಿವಿ ಕೇಳುವುದಿಲ್ಲವಾ?" ಎಂದು ಕೇಳುತ್ತಿದ್ದರು. ಮೂರನೆಯ ಭಾನುವಾರದಿಂದ ಬೆನೆಡಿಕ್ಟಾ 'ಆ್ಯಕ್ಷನ್' ಎನ್ನುವುದನ್ನೇ ಬಿಟ್ಟರು. ಮೌರಿಸ್‌ಗೆ ಕಣ್ಣಿನಲ್ಲೇ ಸನ್ನೆ ಮಾಡಿ, ಅಪ್ಪಿಯೊಂದಿಗೆ ಊರಿನ ಸುದ್ದಿ ಮಾತಾಡುತ್ತ, ಮೆಲ್ಲಗೆ ಕ್ಯಾಮೆರಾದ ಎದುರಿನಿಂದ ಸರಿದು ಹೋಗುತ್ತಿದ್ದರು.

ಮದ್ರಾಸಿನಲ್ಲಿ ಮಾತು ಸೇರಿಸಲು ದಿನ ಗೊತ್ತಾಯಿತು, ೧೯೮೩ರ ಏಪ್ರಿಲ್. ಹೊರಡಲು ಹದಿನೈದು ದಿನ ಇರುವಾಗ ಅಪ್ಪಿಯ ಗಂಡ ಗುಣಪಾಲ ದೋಣಿ ನೂಕುವಾಗ ಬಿದ್ದು ಬೆನ್ನುಮೂಳೆಗೆ ಏಟು ಮಾಡಿಕೊಂಡರು. ಸೊಂಟದ ಕೆಳಗೆ ಬಲ ಹೋಯಿತು. "ಇವರನ್ನು ಬಿಟ್ಟು ನಾಲ್ಕು ದಿನ ನಾನು ಎಲ್ಲಿಗೂ ಬರುವ ಹಾಗಿಲ್ಲ ಬಾಯಮ್ಮ" ಎಂದರು ಅಪ್ಪಿ. ಬೆನೆಡಿಕ್ಟಾ, ರೋಸಿಬಾಯಿ, ಮೌರಿಸ್ ಮೂವರೇ ಹೋದರು. ಸ್ಟುಡಿಯೋದವರು ಅದೇನೂ ದೊಡ್ಡ ವಿಷಯವಲ್ಲ ಎಂದು ಒಬ್ಬ ಹುಡುಗಿಯನ್ನು ಕರೆಸಿದರು. ಅವಳಿಗೆ ತುಳು ಬರುವುದಿಲ್ಲ. ಮಾತನ್ನು ತಮಿಳು ಅಕ್ಷರದಲ್ಲಿ ಬರೆದುಕೊಂಡು, ಒಂದೇ ಗಂಟೆಯಲ್ಲಿ ಒಂದು ರೀಲಿನ ಮಾತು ಒಪ್ಪಿಸಿದಳು.

"ಚೆನ್ನಾಗಿಯೇ ಹೇಳಿದಳು, ಪಾಪ. ನನಗೆ ಅದೇ ತಡೆಯಲಿಕ್ಕೆ ಆಗಲಿಲ್ಲ" ಎಂದು ಬೆನೆಡಿಕ್ಟಾ ನೆನಪಿಸಿಕೊಳ್ಳುತ್ತಾರೆ. ಅವರು ಡಬ್ಬಿಗಳನ್ನು ಎತ್ತಿಕೊಂಡು ಹೊರಗೆ ಬಂದರು. ಸ್ಟುಡಿಯೋದ ಮೆಟ್ಟಿಲ ಮೇಲೆ ಮೌರಿಸ್ ಜೊತೆ ದೊಡ್ಡ ಜಗಳವಾಯಿತು.

"ಜನ ಚಿತ್ರ ನೋಡುತ್ತಾರೆ ಬೆನ್ನಾ, ಸ್ವರ ಯಾರದ್ದು ಅಂತ ಯಾರು ವಿಚಾರಿಸುತ್ತಾರೆ?"

"ಅಪ್ಪಿಯಕ್ಕ ವಿಚಾರಿಸುತ್ತಾರೆ. ನಾನು ಅವರಿಗೆ ಎಂತ ಹೇಳುವುದು?"

"ಹತ್ತೊಂಬತ್ತು ಭಾನುವಾರ ನನ್ನದೂ ಹೋಗಿದೆ" ಎಂದು ಮೌರಿಸ್ ಬೆನ್ನು ತಿರುಗಿಸಿದರು. ಎರಡು ತಿಂಗಳು ಅವರಿಬ್ಬರ ನಡುವೆ ಮಾತಿರಲಿಲ್ಲ.

ಡಬ್ಬಿಗಳು ಹನ್ನೊಂದು ತಿಂಗಳು ಅಂಬಲಪಾಡಿಯ ಕೋಣೆಯಲ್ಲಿ ತಗಡಿನ ಪೆಟ್ಟಿಗೆಯೊಳಗೆ ಕುಳಿತವು. ಮಳೆಗಾಲದಲ್ಲಿ ಬೂಷ್ಟು ಹಿಡಿಯದ ಹಾಗೆ ವಾರಕ್ಕೊಮ್ಮೆ ತೆಗೆದು ಒಣಬಟ್ಟೆಯಲ್ಲಿ ಒರೆಸಿ ಇಡುತ್ತಿದ್ದರು. ಆ ದಿನಗಳ ಬಗ್ಗೆ ಮಾತಾಡುವಾಗ ಅವರ ಸ್ವರ ತಗ್ಗುತ್ತದೆ. "ನನಗೆ ಒಂದು ಸಲ ಅವಮಾನ ಆಯಿತು ಅಂತ ಎಲ್ಲರ ಕೆಲಸ ಹಾಳು ಮಾಡಿದೆನಾ, ಹಠ ಮಾಡಿದೆನಾ ಅಂತ ಅನಿಸುತ್ತಿತ್ತು. ಒರೆಸುವಾಗ ಡಬ್ಬಿ ತೆರೆದು ನೋಡುತ್ತಿರಲಿಲ್ಲ. ಧೈರ್ಯ ಇರಲಿಲ್ಲ."

೧೯೮೪ರ ಮಾರ್ಚಿನಲ್ಲಿ ಒಂದು ಮಧ್ಯಾಹ್ನ ಡ್ಯೂಟಿ ಮುಗಿಸಿ ಹೊರಗೆ ಬಂದರೆ ಗೇಟಿನ ಬಳಿ ಖಾಲಿ ಬುಟ್ಟಿ ಹಿಡಿದು ಅಪ್ಪಿ ನಿಂತಿದ್ದರು. "ನಮ್ಮ ಸಿನಿಮಾ ಎಂತ ಆಯಿತು ಬಾಯಮ್ಮ? ಇವರು ದಿನಾ ಕೇಳುತ್ತಾರೆ. ಮಲಗಿದಲ್ಲೇ ಇರುವವರಿಗೆ ಬೇರೆ ಎಂತ ಉಂಟು ಯೋಚನೆ ಮಾಡಲಿಕ್ಕೆ?"

ಮುಂದಿನ ಭಾನುವಾರ ಮೌರಿಸ್‌ರ ಸ್ಟುಡಿಯೋದಲ್ಲಿ ಕಿಟಕಿಗಳಿಗೆ ಕಪ್ಪು ಬಟ್ಟೆ ಕಟ್ಟಿ, ಬಾಡಿಗೆಗೆ ತಂದ ಪ್ರೊಜೆಕ್ಟರಿನಲ್ಲಿ ಮೊದಲ ರೀಲು ಹಾಕಿದರು. ನೋಡಲು ಅಪ್ಪಿ, ರೋಸಿಬಾಯಿ, ಬೆನೆಡಿಕ್ಟಾ. ಗೋಡೆಯ ಮೇಲೆ ಅಪ್ಪಿ ಬುಟ್ಟಿ ಹೊತ್ತು ನಡೆದು ಬಂದರು, ಜಗಲಿಯಲ್ಲಿ ಇಳಿಸಿದರು, ತುಟಿ ಆಡಿಸಿದರು. ಕೋಣೆಯಲ್ಲಿ ಪ್ರೊಜೆಕ್ಟರಿನ ಕಿರ್ ಕಿರ್ ಸದ್ದು ಬಿಟ್ಟರೆ ಬೇರೆ ಶಬ್ದವಿಲ್ಲ. ಅಪ್ಪಿ ಬೆಂಚಿನಿಂದ ಮುಂದಕ್ಕೆ ಬಗ್ಗಿ ನೋಡಿದರು.

"ಇವಳಿಗೆ ಎಂತಾಗಿದೆ? ಬಾಯಿ ಕಟ್ಟಿದೆಯಾ?" ಎಂದರು. ಮರುಕ್ಷಣ ಗೋಡೆಯ ಮೇಲಿನ ಅಪ್ಪಿ ಬಾಯಿ ತೆರೆದಾಗ ಬೆಂಚಿನ ಮೇಲಿನ ಅಪ್ಪಿ ಗಟ್ಟಿಯಾಗಿ ಮಾತಾಡಲು ಶುರು ಮಾಡಿದರು. ಬಿಸಿಲು, ಬಸ್ಸು, ಮೊನ್ನೆಯ ಮದುವೆ, ಎಲ್ಲವೂ ತುಟಿಗೆ ಮಾತು ಕೂಡಿಸಿದ ಹಾಗೆ ಬಂತು. ಮುದುಕಿ ತೆರೆಗೆ ಬಂದಾಗ ರೋಸಿಬಾಯಿಗೂ ತಡೆಯಲಾಗಲಿಲ್ಲ, ಅವರೂ ಉತ್ತರ ಕೊಟ್ಟರು. ಒಂದು ರೀಲು ಪೂರ್ತಿ ಇಬ್ಬರೂ ಗೋಡೆಯ ಜೊತೆ ಮಾತಾಡಿದರು. ದೀಪ ಹಾಕಿದಾಗ ಮೌರಿಸ್ ಕಣ್ಣೊರೆಸಿಕೊಳ್ಳುತ್ತಿದ್ದರು. "ಸ್ವರ ಇಲ್ಲೇ ಉಂಟಲ್ಲ ಮಾರಾಯ್ತಿ. ನಾವು ಮದ್ರಾಸಿಗೆ ಯಾಕೆ ಹೋದದ್ದು?" ಎಂದರು.

ಹಾಗೆ ಶುರುವಾಯಿತು. ನಾಲ್ಕು ದಿನ ಮನೆ ಬಿಡಲಾಗದ ಅಪ್ಪಿಗೆ ಒಂದು ಸಂಜೆ ಬಿಡಬಹುದಿತ್ತು, ನೆರೆಯ ಸುಂದರಿ ಗುಣಪಾಲರ ಬಳಿ ಕೂರುತ್ತಿದ್ದರು. ಪರದೆಯ ಮೇಲೆ ಮೂಕ ಚಿತ್ರ, ಪರದೆಯ ಹಿಂದೆ ಮೈಕಿನ ಮುಂದೆ ಕುಳಿತು ಮಾತಾಡುವ ಜನ. ಉಡುಪಿಯ ಮೈಕ್‌ಸೆಟ್ಟಿನ ಹೂವಪ್ಪ ತಮ್ಮ ಮೈಕುಗಳ ಜೊತೆ ತಮ್ಮ ಸ್ವರವನ್ನೂ ಕೊಟ್ಟರು, ಚಿತ್ರದ ಗಂಡಸರೆಲ್ಲ ಅವರೇ. ಉಳಿದ ಹೆಂಗಸರು, ಮಕ್ಕಳು, ಬೆಕ್ಕು ಎಲ್ಲ ಬೆನೆಡಿಕ್ಟಾ.

ಬೇಕಾದದ್ದು ಒಂದು ಪರದೆ. ಹಿಂದೆ ಕುಳಿತವರಿಗೂ ಚಿತ್ರ ಕಾಣಬೇಕು, ಇಲ್ಲದಿದ್ದರೆ ತುಟಿಗೆ ಸರಿಯಾಗಿ ಮಾತಾಡುವುದು ಹೇಗೆ? ರೋಸಿಬಾಯಿ ಈ ವಿಷಯವನ್ನು ಮನೆಯಲ್ಲಿ ಹೇಳಿದ್ದಿರಬೇಕು. ಹತ್ತು ದಿನ ಕಳೆದ ಮೇಲೆ ಕಾರ್ಕಳದ ಬಸ್ಸಿನ ಕಂಡಕ್ಟರ್ ಒಂದು ಕಟ್ಟು ತಂದುಕೊಟ್ಟರು. ಹದಿನಾಲ್ಕು ಅಡಿ ಉದ್ದ, ಹತ್ತು ಅಡಿ ಅಗಲದ ತೆಳು ಮಲ್ಲು ಬಟ್ಟೆ, ಅಂಚಿಗೆ ಎರಡು ಸಾಲು ಹೊಲಿಗೆ, ಮೂಲೆಗಳಲ್ಲಿ ಹಗ್ಗ ಕಟ್ಟಲು ಹಿತ್ತಾಳೆಯ ಬಳೆಗಳು. ಒಂದು ಚೀಟಿ ಕೂಡ ಇರಲಿಲ್ಲ. ಕಾರ್ಕಳದಲ್ಲಿ ಪ್ರದರ್ಶನ ನಡೆದ ದಿನ ಇಮ್ಯಾನುಯೆಲ್ ಜನರ ಹಿಂದೆ ನಿಂತು ಕೊನೆಯವರೆಗೂ ನೋಡಿದರು. ಎಲ್ಲರೂ ಹೋದ ಮೇಲೆ ಮಗಳ ಹತ್ತಿರ ಬಂದು ಬಟ್ಟೆಯನ್ನು ಬೆರಳಲ್ಲಿ ಹಿಡಿದು, "ಮಧ್ಯದ ಹೊಲಿಗೆ ಕಾಣುವುದಿಲ್ಲ ಅಲ್ವಾ?" ಎಂದು ಕೇಳಿದರು.

"ಇಲ್ಲ ಅಪ್ಪಾ, ಕಾಣುವುದಿಲ್ಲ" ಎಂದೆ, ಎನ್ನುತ್ತಾರೆ ಬೆನೆಡಿಕ್ಟಾ. ಚಿತ್ರದ ಬಗ್ಗೆ ಇಮ್ಯಾನುಯೆಲ್ ಬೇರೆ ಏನೂ ಹೇಳಲಿಲ್ಲ. ೧೯೮೬ರಲ್ಲಿ ತೀರಿಕೊಂಡರು.

ಶಾಲೆಯ ಅಂಗಳ, ಇಗರ್ಜಿಯ ಸಭಾಂಗಣ, ಯುವಕ ಮಂಡಲದ ಮೈದಾನ, ಮೀನುಗಾರರ ಸಂಘದ ಶೆಡ್ಡು. ಮೂರು ವರ್ಷದಲ್ಲಿ ನಲವತ್ತಾರು ಪ್ರದರ್ಶನ, ಸೂರ್ಯ ಮುಳುಗುತ್ತಲೇ ಶುರು. ಎಪ್ಪತ್ತೆರಡು ನಿಮಿಷದ ಚಿತ್ರ ಒಂದೇ, ಮಾತು ಮಾತ್ರ ಪ್ರತಿ ಸಲವೂ ಬೇರೆ. ಅಪ್ಪಿ ಆ ದಿನದ ಬಂಗುಡೆಯ ಕ್ರಯವನ್ನೇ ಹೇಳುತ್ತಿದ್ದರು. "ನಿನ್ನೆಯ ಕ್ರಯ ಹೇಳಿದರೆ ಜನ ನಗುವುದಿಲ್ಲವಾ?" ಎಂದು ಅವರ ವಾದ. ಒಮ್ಮೆ ಪ್ರೇಕ್ಷಕರಲ್ಲಿ ಯಾರೋ ಹೆಂಗಸು ಕ್ರಯ ಜಾಸ್ತಿಯಾಯಿತು ಎಂದು ಕೂಗಿದರು. ಅಪ್ಪಿ ಮೈಕಿನಲ್ಲೇ ಅವರೊಂದಿಗೆ ಚೌಕಾಸಿಗೆ ಇಳಿದರು. ಅಷ್ಟರಲ್ಲಿ ತೆರೆಯ ಮೇಲಿನ ಅಪ್ಪಿ ಮುಂದಿನ ಮನೆ ದಾಟಿ ಹೋಗಿಯಾಗಿತ್ತು.

ಬೆನೆಡಿಕ್ಟಾ ಮೊದಮೊದಲು ಬರೆದದ್ದನ್ನೇ ಹೇಳಿಸಲು ಹೆಣಗಿದರು. ಆಮೇಲೆ ಪ್ರತಿ ಪ್ರದರ್ಶನ ಮುಗಿದ ಮೇಲೆ ಅಪ್ಪಿ ಹೇಳಿದ ಒಳ್ಳೆಯ ಮಾತನ್ನು ನೋಟ್‌ಬುಕ್ಕಿಗೆ ಇಳಿಸಿ, ತಮ್ಮದನ್ನು ಹೊಡೆದುಹಾಕತೊಡಗಿದರು. ಆ ನೋಟ್‌ಬುಕ್ಕನ್ನು ನನಗೆ ತೋರಿಸಿದ್ದಾರೆ. ಹಲವು ಪುಟಗಳಲ್ಲಿ ಅವರು ಮೊದಲು ಬರೆದ ಒಂದು ಸಾಲೂ ಉಳಿದಿಲ್ಲ. "ಜನ ಎಲ್ಲಿ ಕೆಮ್ಮುತ್ತಾರೋ ಅಲ್ಲಿ ಮಾತು ಉದ್ದ ಆಗಿದೆ ಅಂತ ಅರ್ಥ. ನಾನು ಬರೆಯಲಿಕ್ಕೆ ಕಲಿತದ್ದು ಬಟ್ಟೆಯ ಆ ಬದಿಯ ಕೆಮ್ಮು ಕೇಳಿ" ಎನ್ನುತ್ತಾರೆ.

ಬಜಗೋಳಿಯ ಸಂಜೆಯನ್ನು ಅವರು ಎಂದೂ ಮರೆಯುವುದಿಲ್ಲ. ೧೯೮೫ರ ಜನವರಿ. ಅಜ್ಜಿ ಜಗಲಿಯಲ್ಲಿ ದಾರಿ ಕಾಯುವ ಕೊನೆಯ ರೀಲಿನ ನಡುವೆ ಕರೆಂಟು ಹೋಯಿತು. ಚಿತ್ರ ಇಲ್ಲ, ಮೈಕೂ ಇಲ್ಲ. ಕತ್ತಲಲ್ಲಿ ಮುನ್ನೂರು ಜನ. ಹೂವಪ್ಪ ಬೆಂಕಿಪೆಟ್ಟಿಗೆ ಹುಡುಕುತ್ತಿದ್ದಾಗ ಅಪ್ಪಿ ಎದ್ದು, ಪರದೆ ಸರಿಸಿಕೊಂಡು ಮುಂದೆ ಹೋಗಿ, ಬರಿಯ ಸ್ವರದಲ್ಲಿ ಕತೆಯನ್ನು ಮುಂದುವರಿಸಿದರು. ಅಜ್ಜಿಯ ಮಾತಿಗೆ ಪರದೆಯ ಹಿಂದಿನಿಂದ ರೋಸಿಬಾಯಿ ಸ್ವರ ಕೊಟ್ಟರು. ಹತ್ತು ಹನ್ನೆರಡು ನಿಮಿಷ ಯಾರೂ ಏಳಲಿಲ್ಲ. ಕತೆ ಮುಗಿದ ಮೇಲೂ ಜನ ಕುಳಿತೇ ಇದ್ದರು. ಕರೆಂಟು ಬಂದಾಗ ಮೌರಿಸ್ ಉಳಿದ ರೀಲನ್ನು ಹಾಕಬೇಕೇ ಎಂದು ಕೇಳಿದರು. ಮುಂದಿನ ಸಾಲಿನ ಒಬ್ಬ ಅಜ್ಜ, "ಬೇಡ, ನಾವು ನೋಡಿ ಆಯಿತು" ಎಂದರು.

೧೯೮೬ರ ಮಳೆಗಾಲದ ನಂತರ ಅಪ್ಪಿಗೆ ಉಬ್ಬಸ ಹೆಚ್ಚಾಯಿತು. ಬುಟ್ಟಿ ಹೊರುವುದನ್ನು ಡಾಕ್ಟರರು ನಿಲ್ಲಿಸಿದರು. ಮರುವರ್ಷದ ಫೆಬ್ರವರಿಯಲ್ಲಿ ನಲವತ್ತಾರನೆಯ ಪ್ರದರ್ಶನದ ನಡುವೆ ಎರಡು ಸಲ ಮಾತು ನಿಂತು ಹೋಯಿತು. ಈ ಸ್ವರವನ್ನು ಈಗಲೇ ಹಿಡಿದಿಡದಿದ್ದರೆ ಇನ್ನಿಲ್ಲ ಎಂದು ಎಲ್ಲರಿಗೂ ಗೊತ್ತಾಯಿತು. ಅಪ್ಪಿ ಸ್ಟುಡಿಯೋಗೆ ಹೋಗಲಾರರು, ಹಾಗಾಗಿ ಸ್ಟುಡಿಯೋವೇ ಕಾಪುವಿಗೆ ಬಂತು. ಹೂವಪ್ಪ ತಮ್ಮ ಪರಿಚಯದವರಿಂದ ಒಳ್ಳೆಯ ಟೇಪ್‌ರೆಕಾರ್ಡರ್ ತಂದರು. ಅಪ್ಪಿಯ ಮನೆಯ ಕಿಟಕಿ ಬಾಗಿಲುಗಳಿಗೆ ಕಂಬಳಿ ಕಟ್ಟಿದರು. ಪ್ರೊಜೆಕ್ಟರನ್ನು ಅಂಗಳದಲ್ಲಿ ಇಟ್ಟು, ಕಂಬಳಿಯ ಸಂದಿಯಿಂದ ಬೆಳಕನ್ನು ಮಾತ್ರ ಒಳಗೆ ಬಿಟ್ಟರು. ಸಮುದ್ರ ಐವತ್ತು ಗಜ ದೂರ, ಅದನ್ನು ನಿಲ್ಲಿಸುವ ಉಪಾಯ ಯಾರಲ್ಲೂ ಇರಲಿಲ್ಲ.

"ಈ ಶಬ್ದ ಬರುತ್ತದೆ ಬೆನ್ನಾ, ಎಂತ ಮಾಡುವುದು?" ಎಂದು ಹೂವಪ್ಪ ಕೇಳಿದರು.

"ಬರಲಿ. ಅಪ್ಪಿಯಕ್ಕ ಅದರ ಜೊತೆಯಲ್ಲೇ ಅಲ್ವಾ ಮಾತು ಕಲಿತದ್ದು?"

ಅಪ್ಪಿ ನಾಲ್ಕು ಮಾತು ಹೇಳಿ ಉಸಿರು ಎಳೆದುಕೊಳ್ಳುತ್ತಿದ್ದರು, ಮತ್ತೆ ನಾಲ್ಕು ಮಾತು. ಮೂರು ದಿನ ಹಿಡಿಯಿತು. ಮರೆತಲ್ಲೆಲ್ಲ ನೆನಪಿಸಿದವರು ಮಂಚದ ಮೇಲೆ ಮಲಗಿದ್ದ ಗುಣಪಾಲ. ಹೆಂಡತಿ ಪ್ರತಿ ಪ್ರದರ್ಶನ ಮುಗಿಸಿ ಬಂದು ಹೇಳುತ್ತಿದ್ದುದನ್ನು ಕೇಳಿ ಕೇಳಿ ಅವರಿಗೆ ಇಡೀ ಸಿನಿಮಾ ಬಾಯಿಪಾಠ ಆಗಿತ್ತು. ಅಲ್ಲಿಯವರೆಗೆ ಒಂದು ಚೂರೂ ನೋಡಿರದ ಅವರು ಆ ಮೂರು ದಿನ ಮಲಗಿದಲ್ಲಿಂದಲೇ ಗೋಡೆಯ ಮೇಲೆ ಅದನ್ನು ಪೂರ್ತಿ ನೋಡಿದರು.

ಆ ಟೇಪನ್ನು ಮದ್ರಾಸಿಗೆ ಒಯ್ದು ಚಿತ್ರಕ್ಕೆ ಸೇರಿಸಿದರು. ಸ್ವರ ಇರುವ ಪ್ರಿಂಟು ಕಳೆದ ಡಿಸೆಂಬರಿನಲ್ಲಿ ಬಂತು. ಈ ವರ್ಷ ಫೆಬ್ರವರಿಯಲ್ಲಿ ಮಣಿಪಾಲದ ಒಂದು ಸಭಾಂಗಣದಲ್ಲಿ ಅದರ ಮೊದಲ ಪ್ರದರ್ಶನ. ಅಂದು ಬೆನೆಡಿಕ್ಟಾಗೆ ಮಾಡಲು ಕೆಲಸವೇ ಇರಲಿಲ್ಲ. ತಮ್ಮ ಚಿತ್ರವನ್ನು ಜನರ ನಡುವೆ, ಎದುರಿನಿಂದ ಅವರು ನೋಡಿದ್ದು ಅದೇ ಮೊದಲು. "ಇಷ್ಟು ವರ್ಷ ಹಿಂದಿನಿಂದಲೇ ನೋಡಿದ್ದಲ್ವಾ? ದೋಣಿ ಎಡಕ್ಕೆ ಹೋಗುವುದು ನೋಡಿ ಅಭ್ಯಾಸ. ಆ ದಿನ ಬಲಕ್ಕೆ ಹೋಯಿತು. ಒಂದು ಕ್ಷಣ ಬೇರೆ ಯಾರದ್ದೋ ಸಿನಿಮಾ ಅಂತ ಅನಿಸಿತು. ಚೆನ್ನಾಗಿಯೂ ಉಂಟಲ್ಲ ಅಂತ ಅನಿಸಿತು."

ಪಕ್ಕದಲ್ಲಿ ರೋಸಿಬಾಯಿ, ಆಚೆ ಅಪ್ಪಿ. ಅಪ್ಪಿಗೆ ಸುಮ್ಮನೆ ಕೂರಲು ಆಗಲಿಲ್ಲ. ತೆರೆಯ ಮೇಲೆ ತಾವು ಬಾಯಿ ತೆರೆದಾಗಲೆಲ್ಲ ಕುರ್ಚಿಯಲ್ಲೂ ಮೆಲ್ಲಗೆ ಮಾತಾಡುತ್ತಿದ್ದರು, ಅದೂ ಆ ದಿನದ ಬಂಗುಡೆಯ ಕ್ರಯಕ್ಕೆ. ಹಿಂದಿನ ಸಾಲಿನ ಕಾಲೇಜು ಹುಡುಗನೊಬ್ಬ ಬಗ್ಗಿ, "ಅಮ್ಮಾ, ಸ್ವಲ್ಪ ಸುಮ್ಮನೆ ಇರಿ, ಆ ಹೆಂಗಸು ಮಾತಾಡುವುದು ಕೇಳುವುದಿಲ್ಲ" ಎಂದ.

ಅಪ್ಪಿ ತಿರುಗಿ ನೋಡಿ, "ಅದು ನಾನೇ ಮಾರಾಯ" ಎಂದರು.

ಚಿತ್ರಮಂದಿರಗಳಲ್ಲಿ 'ಎಲ್ಲೆ ಬರ್ಪೆ' ಬಿಡುಗಡೆಯಾಗಿಲ್ಲ, ಆಗುವ ಸೂಚನೆಯೂ ಇಲ್ಲ. ಕೇಳಿದ ಊರುಗಳಿಗೆ ಮೌರಿಸ್ ಡಬ್ಬಿ ಹೊತ್ತು ಹೋಗುತ್ತಾರೆ. ಬೆನೆಡಿಕ್ಟಾ ಹೊಸ ಚಿತ್ರಕತೆಯ ನೂರಮೂವತ್ತನೆಯ ಪುಟದಲ್ಲಿದ್ದಾರೆ. ಬಲೆ ಹೆಣೆಯುವ ಅಕ್ಕತಂಗಿಯರ ಕತೆ ಎಂದಷ್ಟೇ ಹೇಳುತ್ತಾರೆ, ಹೆಚ್ಚು ಕೇಳಿದರೆ ನಕ್ಕು ಮಾತು ತಿರುಗಿಸುತ್ತಾರೆ. ಜನ ತಾವೇ ನೇರವಾಗಿ ನಂಬರ್ ತಿರುಗಿಸುವ ಎಸ್‌ಟಿಡಿ ಬಂದ ಮೇಲೆ ಟ್ರಂಕ್ ಬೋರ್ಡಿನಲ್ಲಿ ಕೆಲಸ ಕಡಿಮೆಯಾಗಿದೆ. ಹಿಂದೆ ಆರು ಜನ ಕೂರುತ್ತಿದ್ದ ಕಡೆ ಈಗ ಇಬ್ಬರು. ಗಲಾಟೆ ಇಲ್ಲದ್ದು ಬೇಸರ ಎನ್ನುತ್ತಾರೆ.

ನಿಮಗೀಗ ಏನು ಬೇಕು ಎಂದು ಕೇಳುತ್ತೇನೆ. ಬಸ್ಸು ಕಟಪಾಡಿ ದಾಟುತ್ತಿದೆ. ಅವರು ಪೆನ್ನಿನ ಮುಚ್ಚಳ ಹಾಕುತ್ತಾರೆ.

"ಇಪ್ಪತ್ತು ದಿನ ರಜೆ. ಒಟ್ಟಿಗೆ. ಭಾನುವಾರ ಭಾನುವಾರ ಅಲ್ಲ. ಒಂದು ಸಿನಿಮಾವನ್ನು ಒಂದೇ ಸಲ, ನಡುವಿನಲ್ಲಿ ಡ್ಯೂಟಿಗೆ ಓಡದೆ ಮಾಡಿ ನೋಡಬೇಕು ಅಂತ ಆಸೆ ಉಂಟು. ಮೊನ್ನೆ ಅರ್ಜಿ ಕೊಟ್ಟಿದ್ದೇನೆ."

ಕಾರಣ ಏನೆಂದು ಬರೆದಿರಿ ಎಂದರೆ, ಇಷ್ಟು ವರ್ಷ ಶೂಟಿಂಗಿಗೆ ರಜೆ ಕೇಳುವಾಗಲೆಲ್ಲ ಒಮ್ಮೆ ಅಮ್ಮನ ಆರೋಗ್ಯ, ಒಮ್ಮೆ ನೆಂಟರ ಮದುವೆ ಎಂದು ಬರೆದದ್ದಕ್ಕೆ ನಾಚಿದವರಂತೆ ಕಿಟಕಿಯ ಹೊರಗೆ ನೋಡುತ್ತಾರೆ.

"ಈ ಸಲ ಸುಳ್ಳು ಹೇಳಲಿಲ್ಲ. 'ಸ್ವಂತ ಕೆಲಸ' ಅಂತ ಬರೆದೆ."